ಜಗ್ಗುಕಾಲ ಪಂಚಾಂಗ: ಒಂದು ಶಾಸ್ತ್ರೀಯ ವಿವೇಚನೆ

ಕಾಲ ಎಲ್ಲರಿಗೂ ಸಮನಾಗಿ ಹರಿಯುತ್ತದೆಂಬುದು ಗಡಿಯಾರದಂಗಡಿಯವರು ಹಬ್ಬಿಸಿದ ಸುದ್ದಿ. ಅದನ್ನು ಖಂಡಿಸಿ, ಕಾಲವು ಹಿಗ್ಗುತ್ತದೆ, ಕುಗ್ಗುತ್ತದೆ, ಕೆಲವೆಡೆ ಕುರ್ಚಿ ಎಳೆದುಕೊಂಡು ಕೂತೇಬಿಡುತ್ತದೆ ಎಂದು ಸ್ಥಾಪಿಸುವುದೇ ಈ ಪ್ರಬಂಧದ ಉದ್ದೇಶ. ಇದಕ್ಕಾಗಿ ನಾವು ರಚಿಸಿರುವುದು ಜಗ್ಗುಕಾಲ ಪಂಚಾಂಗ. ಇದು ಸೂರ್ಯಸಿದ್ಧಾಂತಕ್ಕೂ ದೃಗ್ಗಣಿತಕ್ಕೂ ಸೇರಿದ್ದಲ್ಲ. ಸರತಿ ಸಾಲಿಗೆ ಸೇರಿದ್ದು.

ಪ್ರಮಾಣ ವಿಚಾರ

ಚಂದ್ರ ಸೂರ್ಯನಿಂದ 12 ಡಿಗ್ರಿ ಮುಂದೆ ಸರಿಯಲು ಹಿಡಿಯುವ ಹೊತ್ತೇ ತಿಥಿ. ಚಂದ್ರನ ನಡಿಗೆ ಒಂದೇ ಸಮನಿಲ್ಲದ್ದರಿಂದ ಒಂದು ತಿಥಿ ಸುಮಾರು 19 ಗಂಟೆಗೇ ಮುಗಿದರೆ ಇನ್ನೊಂದು 26 ಗಂಟೆಯವರೆಗೂ ಎಳೆಯುತ್ತದೆ. 1982-83ರಲ್ಲಂತೂ ಒಂದಿಡೀ ಚಾಂದ್ರಮಾಸವೇ ಕ್ಷಯವಾಯಿತು. ಪಾಶ್ಚಾತ್ಯರೂ ಹಿಂದೆ ಬಿದ್ದಿಲ್ಲ: 1582ರ ಅಕ್ಟೋಬರ್ 4ರ ರಾತ್ರಿ ರೋಮಿನಲ್ಲಿ ಮಲಗಿದವರು ಎದ್ದಾಗ ತಾರೀಕು 15. ಪೋಪ್ ಗ್ರೆಗರಿಯವರು ಕತ್ತರಿಸಿದ ಆ 10 ದಿನಗಳಿಗೆ ಯಾರಿಗೂ ರಸೀದಿ ಸಿಗಲಿಲ್ಲ.

ಪುರಾಣ ಪ್ರಮಾಣ ಇನ್ನೂ ಗಟ್ಟಿ. ಮಗಳು ರೇವತಿಗೆ ವರ ಯಾರೆಂದು ಕೇಳಲು ರಾಜ ಕಕುದ್ಮಿ ಬ್ರಹ್ಮನ ಸಭೆಗೆ ಹೋದ. ಅಲ್ಲಿ ಗಂಧರ್ವರ ಗಾನ ನಡೆದಿತ್ತು. ಮುಗಿಯಲೆಂದು ಕ್ಷಣಹೊತ್ತು ಕಾದ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗಗಳು ಕಳೆದು, ಅವನ ಪಟ್ಟಿಯಲ್ಲಿದ್ದ ವರರೆಲ್ಲ ವಂಶಸಮೇತ ಇಲ್ಲವಾಗಿದ್ದರು ಎನ್ನುತ್ತದೆ ಭಾಗವತ. ಕಚೇರಿಯಲ್ಲಿ ಕಾದು ಕುಳಿತ ಮೊದಲ ಅರ್ಜಿದಾರ ಕಕುದ್ಮಿಯೇ ಎಂಬುದು ನಮ್ಮ ಮತ.

ಮಾನ ವಿಚಾರ

ಹಳೆಯ ಲೆಕ್ಕದಲ್ಲಿ ಘಳಿಗೆಗೆ 24 ನಿಮಿಷ, ದಿನಕ್ಕೆ 60 ಘಳಿಗೆ. ಜಗ್ಗುಕಾಲದ ಮೂಲಮಾನ ‘ಇದೋ ಬಂದೆ’. ಹೇಳುವಾತ ಚಪ್ಪಲಿ ಮೆಟ್ಟಿದ್ದರೆ ಅದು ಮೂರು ಘಳಿಗೆ. ಟವೆಲ್ ಸುತ್ತಿಕೊಂಡಿದ್ದರೆ ಐದು. ಅದರ ಮೇಲಿನದು ‘ಊಟಕ್ಕೆ ಹೋಗಿದ್ದಾರೆ’, ಅದಕ್ಕೂ ಮೇಲೆ ‘ಮೀಟಿಂಗಲ್ಲಿದ್ದಾರೆ’. ಎಲ್ಲಕ್ಕೂ ಮಿಗಿಲಾದ ಮಹಾಮಾನ ‘ಫೈಲು ಮೇಲಕ್ಕೆ ಹೋಗಿದೆ’. ಬ್ರಹ್ಮನ ಒಂದು ಹಗಲು 432 ಕೋಟಿ ವರ್ಷ. ಮೇಲೆ ಹೋದ ಫೈಲು ಅಷ್ಟರೊಳಗೆ ಇಳಿದು ಬಂದೀತೆಂದು ಆಸ್ತಿಕರು ನಂಬುತ್ತಾರೆ.

ತಿಥಿ–ಮಾಸ ನಿರ್ಣಯ

ಎರಡು ಸೂರ್ಯೋದಯ ಕಂಡ ತಿಥಿ ವೃದ್ಧಿ, ಒಂದನ್ನೂ ಕಾಣದ್ದು ಕ್ಷಯ. ಈ ನ್ಯಾಯದಂತೆ ಸಂಬಳದ ತಿಥಿ ಸದಾ ಕ್ಷಯ: ಬೆಳಿಗ್ಗೆ ಬ್ಯಾಂಕಿಗೆ ಬಂದದ್ದು ಮರುದಿನದ ಸೂರ್ಯನನ್ನು ನೋಡುವುದಿಲ್ಲ. ‘ನಾಳೆ’ ಎಂಬ ತಿಥಿಯಾದರೋ ನಿತ್ಯವೃದ್ಧಿ. ದೆವ್ವ ಒಳಗೆ ಬಾರದಿರಲೆಂದು ನಮ್ಮ ಜನ ಬಾಗಿಲ ಮೇಲೆ ‘ನಾಳೆ ಬಾ’ ಎಂದು ಬರೆಯುತ್ತಿದ್ದರು. ಪಾಪ, ಅದು ದಿನಾ ಓದಿಕೊಂಡು ಮರಳುತ್ತಿತ್ತು. ದೆವ್ವಕ್ಕೆ ಬರವಣಿಗೆಯಲ್ಲಿ ಸಿಕ್ಕಿದ್ದು ಇಂದಿನ ಅರ್ಜಿದಾರರಿಗೆ ಬಾಯಿಮಾತಿನಲ್ಲಷ್ಟೇ ಸಿಗುತ್ತದೆ.

ಸಂಕ್ರಾಂತಿಯಿಲ್ಲದ ಚಾಂದ್ರಮಾಸ ಅಧಿಕಮಾಸ. ಎರಡು ಸಂಕ್ರಾಂತಿ ಬಿದ್ದರೆ ಕ್ಷಯಮಾಸ. ಅಂತೆಯೇ ಜೇಬಿಗೆ ಧನಸಂಕ್ರಮಣವಾಗದ ತಿಂಗಳ ಕೊನೆಯ ವಾರವನ್ನು ಅಧಿಕವೆಂದೂ, ಫಲಿತಾಂಶ ಮತ್ತು ಫೀಸು ಎರಡೂ ಬಂದೆರಗುವ ಬೇಸಿಗೆ ರಜೆಯನ್ನು ಕ್ಷಯವೆಂದೂ ತಿಳಿಯತಕ್ಕದ್ದು.

ಪೂರ್ವಪಕ್ಷ ಮತ್ತು ಸಮಾಧಾನ

‘ಕೌಂಟರಿನ ಒಳಗೂ ಹೊರಗೂ ಗಡಿಯಾರ ಒಂದೇ ಹೊತ್ತು ತೋರಿಸುತ್ತದಲ್ಲ?’ ಎಂಬ ಆಕ್ಷೇಪ ಬರಬಹುದು. ಉತ್ತರ: ಭಾರತದ ಗಡಿಯಾರ 82.5 ಡಿಗ್ರಿ ಪೂರ್ವ ರೇಖಾಂಶದ ಲೆಕ್ಕದ್ದು. ಬೆಂಗಳೂರು ಅದರ ಪಶ್ಚಿಮಕ್ಕಿರುವುದರಿಂದ ಇಲ್ಲಿ 12 ಹೊಡೆದ ಮೇಲೂ ಸೂರ್ಯ ನೆತ್ತಿಗೆ ಬರಲು ಸರಾಸರಿ ಸುಮಾರು 20 ನಿಮಿಷ ಬೇಕು. ಸೂರ್ಯನೇ ‘ಇದೋ ಬಂದೆ’ ಎನ್ನುವ ಊರಿನಲ್ಲಿ ಗಡಿಯಾರದ ಸಾಕ್ಷ್ಯ ನಿಲ್ಲದು.

ಸಿದ್ಧಾಂತವಿಷ್ಟು: ಕಾಲ ನಾಶವಾಗುವುದಿಲ್ಲ, ಕೈ ಬದಲಾಯಿಸುತ್ತದೆ. ಕಿಟಕಿಯ ಹೊರಗೆ ಕಳೆದದ್ದು ಒಳಗೆ ಜಮೆಯಾಗುತ್ತದೆ. ಕೂಲಿ ಬಿಟ್ಟು ಪಹಣಿಗೆ ಬಂದವನ ಒಂದು ದಿನ ಒಳಗಿನವರಿಗೆ ಒಂದು ಕಾಫಿಯಷ್ಟೇ. ಪಿಂಚಣಿಗೆ ನಿಂತ ಅಜ್ಜಿಯ ಕಾಲ ಎಲ್ಲರಿಗಿಂತ ನಿಧಾನ. ಅವಳಿಗೆ ಉಳಿದಿರುವುದೇ ಕಡಿಮೆಯಾದ್ದರಿಂದ ಹಿಗ್ಗಿಸಿ ಕೊಡುತ್ತಿದ್ದೇವೆಂದು ಒಳಗಿನವರ ವ್ಯಾಖ್ಯಾನ. ಸ್ವತಃ ಅಜ್ಜಿಯ ವ್ಯಾಖ್ಯಾನ ಮುದ್ರಣಯೋಗ್ಯವಲ್ಲ.

ಫಲಶ್ರುತಿ

ಯುಗಾದಿಯಂದು ಬೇವುಬೆಲ್ಲ ತಿಂದು ಈ ಪಂಚಾಂಗ ಶ್ರವಣ ಮಾಡಿದವರಿಗೆ ಸಾಲಿನಲ್ಲಿ ನಿಲ್ಲುವ ಕಾಲಿಗೆ ಬಲ ಬರುತ್ತದೆ. ಸಾಲು ಮುಂದೆ ಸರಿಯುತ್ತದೆಂಬ ಭರವಸೆಯನ್ನು ಕೊಡಲಾಗದು. ಕಾಯಿಸುವವರಿಗೆ ಒಂದೇ ಪರಿಹಾರ ವಿಧಿಸಿದೆ: ‘ಐದು ನಿಮಿಷ’ ಎನ್ನುವ ಮೊದಲು ಎದುರಿಗೆ ನಿಂತವರ ಕೈಗಡಿಯಾರ ನೋಡಿ, ಬೆಳಿಗ್ಗೆ ಎಷ್ಟು ಹೊತ್ತಿಗೆ ಮನೆ ಬಿಟ್ಟಿರೆಂದು ಕೇಳಿ, ಆಮೇಲೆ ಬಾಯಿ ತೆರೆಯತಕ್ಕದ್ದು.