ಬಹಿಃಸ್ಥಿತಿ ಮೀಮಾಂಸೆ: ಆದವಾನಿ ಸೀಮೆಯಲ್ಲಿ ಕಾರಿನ ಹೊರಗುಳಿದವರಿಗಾಗಿ

ಚಾವಿ ಕಾರಿನ ಒಳಗೆ, ಯಜಮಾನ ಹೊರಗೆ, ನಡುವೆ ಕಿರುಬೆರಳ ದಪ್ಪವೂ ಇಲ್ಲದ ಗಾಜು. ಈ ಅವಸ್ಥೆಗೆ ಪ್ರಸ್ತುತ ಗ್ರಂಥದಲ್ಲಿ ಬಹಿಃಸ್ಥಿತಿ ಎಂದು ಹೆಸರು. ಎಚ್ಚರ, ಕನಸು, ಗಾಢನಿದ್ರೆ ಎಂದು ಮೂರು ಅವಸ್ಥೆಗಳನ್ನು ಎಣಿಸಿ ಮುಗಿಸಿದ ಪೂರ್ವಸೂರಿಗಳು ಇದೊಂದನ್ನು ಬಿಟ್ಟರು. ಅದು ಅವರ ತಪ್ಪಲ್ಲ, ಅವರು ಎತ್ತಿನ ಗಾಡಿಯಲ್ಲಿ ಓಡಾಡುತ್ತಿದ್ದರು.

ಈ ಶಾಸ್ತ್ರಕ್ಕೆ ಪಶ್ಚಿಮ ಕರ್ನೂಲಿಗಿಂತ ಪ್ರಶಸ್ತವಾದ ಕ್ಷೇತ್ರ ಇನ್ನೊಂದಿಲ್ಲ. ಆದವಾನಿಯವರು ಬಾಗಿಲು ಹಾಕಿದ ಕೋಟೆಯ ಒಳಗೂ ಹೊರಗೂ ಶತಮಾನಗಳ ಕಾಲ ಕಾದು ಪಳಗಿದ ಜನ. ತುಂಗಭದ್ರೆಯ ದಡದ ಮಂತ್ರಾಲಯವೋ, ಭೇದವೇ ಸತ್ಯವೆಂದು ಸಾಧಿಸಿದ ಮತದ ಮಹಾಗುರು ರಾಘವೇಂದ್ರ ಸ್ವಾಮಿಗಳು 1671ರಲ್ಲಿ ಬೃಂದಾವನ ಪ್ರವೇಶ ಮಾಡಿದ ಸ್ಥಳ. ಆದವಾನಿಯಿಂದ ಮುತ್ತಿಗೆಯನ್ನೂ ಮಂತ್ರಾಲಯದಿಂದ ಭೇದವನ್ನೂ ಎರವಲು ತಂದರೆ ಬಹಿಃಸ್ಥಿತಿಯ ಮುಕ್ಕಾಲು ಭಾಗ ವಿವರಿಸಿದಂತಾಯಿತು. ಉಳಿದ ಕಾಲು ಭಾಗಕ್ಕೆ ಏಪ್ರಿಲ್ ತಿಂಗಳ ಬಿಸಿಲು ಸಾಕು.

ಪ್ರಮಾಣ ವಿಚಾರ

ಮಾಧ್ವರು ಒಪ್ಪುವ ಪ್ರಮಾಣಗಳು ಮೂರು: ಪ್ರತ್ಯಕ್ಷ, ಅನುಮಾನ, ಆಗಮ. ಹಣೆಯನ್ನು ಗಾಜಿಗೊತ್ತಿ, ಎರಡೂ ಅಂಗೈಯನ್ನು ಕಣ್ಣಿಗೆ ಮರೆ ಮಾಡಿಕೊಂಡು ನೋಡಿದರೆ ಗೇರಿನ ಪಕ್ಕದ ಕುಳಿಯಲ್ಲಿ, ಪರಿಮಳ ಪ್ರಸಾದದ ಪೊಟ್ಟಣಕ್ಕೆ ಒರಗಿ, ಚಾವಿ ಸುಖವಾಗಿ ಮಲಗಿರುವುದು ಕಾಣುತ್ತದೆ. ಇದು ಪ್ರತ್ಯಕ್ಷ. ಪ್ರತ್ಯಕ್ಷವಾದ ಮೇಲೂ ಯಜಮಾನನು ಪ್ಯಾಂಟಿನ ಎಲ್ಲ ಜೇಬುಗಳನ್ನು ಮತ್ತೊಮ್ಮೆ ತಡವುತ್ತಾನೆ. ಅದು ಅನುಮಾನ. ಕಾರು ಕಂಪನಿಯವರು ಕೊಟ್ಟ ಕೈಪಿಡಿಯೇ ಆಗಮ. ಈ ಸಂಕಟಕ್ಕೆಂದೇ ಅದರಲ್ಲಿ ಪುಟಗಳಿವೆ. ಆದರೆ ಆಗಮವು ಡ್ಯಾಶ್‌ಬೋರ್ಡಿನ ಪೆಟ್ಟಿಗೆಯಲ್ಲಿ, ಶೋರೂಮಿನವರು ಹಾಕಿದ ಪ್ಲಾಸ್ಟಿಕ್ ಕವರನ್ನು ಇನ್ನೂ ಬಿಚ್ಚದ ಸ್ಥಿತಿಯಲ್ಲಿ, ಕಾರಿನ ಒಳಗಿದೆ. ಪ್ರಮಾಣಗಳೆಲ್ಲ ಒಳಗೆ, ಪ್ರಮಾತೃ ಹೊರಗೆ. ಇಂಥ ಜ್ಞಾನಸಂಕಟ ನ್ಯಾಯಶಾಸ್ತ್ರದವರಿಗೂ ಬಂದಿರಲಿಕ್ಕಿಲ್ಲ.

ಓದು ಬಾರದ ದನಗಾಹಿ ಹುಡುಗ ವೆಂಕಣ್ಣನು ರಾಯರನ್ನು ನೆನೆದೊಡನೆ ನವಾಬನ ಪತ್ರ ಅವನಿಗೆ ಸರಾಗವಾಗಿ ಓದಲು ಬಂತು, ಅದರಿಂದಲೇ ಅವನು ಆದವಾನಿಯ ದಿವಾನನಾದ ಎಂಬ ಐತಿಹ್ಯ ಈ ಸೀಮೆಯಲ್ಲಿ ಎಲ್ಲರಿಗೂ ಗೊತ್ತು. ಆದರೆ ಪತ್ರ ವೆಂಕಣ್ಣನ ಕೈಯಲ್ಲಿತ್ತು ಎಂಬುದನ್ನು ಗಮನಿಸತಕ್ಕದ್ದು. ಮುಚ್ಚಿದ ಪೆಟ್ಟಿಗೆಯೊಳಗಿನ ಪುಸ್ತಕ ಓದಿಸಿದ ಪವಾಡ ಯಾವ ಗುರುಚರಿತ್ರೆಯಲ್ಲೂ ನಮಗೆ ಸಿಕ್ಕಿಲ್ಲ.

ಪಂಚಭೇದ

ದ್ವೈತದ ಪಂಚಭೇದಗಳು ಪಾರ್ಕಿಂಗ್ ಬಯಲಿನಲ್ಲಿ ಯಾವ ಭಾಷ್ಯದ ನೆರವೂ ಇಲ್ಲದೆ ಅರ್ಥವಾಗುತ್ತವೆ. ಜೀವ-ಜಡ ಭೇದ ಯಜಮಾನನಿಗೂ ಚಾವಿಗೂ ಇರುವುದು. ಜಡ-ಜಡ ಭೇದ ಈ ಚಾವಿಗೂ ಬಳ್ಳಾರಿಯ ಮನೆಯ ಬೀರುವಿನಲ್ಲಿರುವ ಎರಡನೆಯ ಚಾವಿಗೂ ಇರುವುದು. ಜೀವ-ಜೀವ ಭೇದ ದಂಪತಿಗಳ ನಡುವಿನದು, 'ಇಳಿಯುವಾಗ ಚಾವಿ ನಿಮ್ಮ ಕೈಯಲ್ಲೇ ಇತ್ತಲ್ಲ' ಎಂಬ ವಾಕ್ಯದಿಂದ ಸಿದ್ಧ. ಉಳಿದ ಎರಡು ಭೇದಗಳಿಗೆ ಈಶನೊಬ್ಬ ಬೇಕು. ಆರ್‌ಸಿಯಲ್ಲಿ ಸಾಲ ಕೊಟ್ಟ ಬ್ಯಾಂಕಿನ ಹೆಸರು ಇರುವವರೆಗೆ ಆ ಈಶನಾರೆಂಬುದರಲ್ಲಿ ವಿವಾದವಿಲ್ಲ. ಬ್ಯಾಂಕೊಂದೇ ಸ್ವತಂತ್ರ, ಮಿಕ್ಕದ್ದೆಲ್ಲ ಅಸ್ವತಂತ್ರ.

ಇಲ್ಲಿ ಅದ್ವೈತಿಯೊಬ್ಬನು ಎದ್ದು, 'ಒಳಗೆ ಹೊರಗೆ ಎಂಬುದೇ ಭ್ರಾಂತಿ' ಎಂದಾನು. ಅವನ ಅಂಗೈಯನ್ನು ಹಿಡಿದು ಬಾನೆಟ್ಟಿನ ಮೇಲೆ ಒಂದು ಕ್ಷಣ ಇರಿಸಿದರೆ ಖಂಡನೆ ಪೂರ್ಣವಾಗುತ್ತದೆ.

ಹೇತು

ಬಹಿಃಸ್ಥಿತಿ ಉಂಟಾಗುವುದು ಹೇಗೆ? ಮರೆವಿನಿಂದ ಎಂದು ಪಾಮರರು. ನಮ್ಮ ಮತದಲ್ಲಿ ಕಾರಿನ ಜಾಣತನವೇ ಮುಖ್ಯ ಹೇತು. ಉರುಕುಂದ ಈರಣ್ಣನ ಗುಡಿಗೆ ಶ್ರಾವಣದಲ್ಲಿ ಬಂದ ಭಕ್ತನೊಬ್ಬನನ್ನು ಊಹಿಸಿ. ರಿಮೋಟ್ ಒತ್ತಿ ಬಾಗಿಲುಗಳ ಬೀಗ ತೆಗೆದ. ಬಾಗಿಲು ತೆರೆಯಲಿಲ್ಲ, ಡಿಕ್ಕಿ ಮಾತ್ರ ಎತ್ತಿದ. ತೆಂಗಿನಕಾಯಿಯ ಚೀಲ ತೆಗೆಯಲು ಎರಡೂ ಕೈ ಬೇಕಾಗಿ ಚಾವಿಯನ್ನು ಅಲ್ಲೇ ಸ್ಟೆಪ್ನಿಯ ಪಕ್ಕ ಇಟ್ಟ. ಅಷ್ಟರಲ್ಲಿ, ಬೀಗ ತೆಗೆದು ಅರ್ಧ ನಿಮಿಷವಾದರೂ ಯಾರೂ ಬಾಗಿಲು ತೆರೆಯದ್ದನ್ನು ಕಂಡು ಯಜಮಾನ ಕೈತಪ್ಪಿ ಒತ್ತಿರಬೇಕೆಂದು ತೀರ್ಮಾನಿಸಿದ ಕಾರು, ತಾನಾಗಿ ಮತ್ತೆ ಬೀಗ ಹಾಕಿಕೊಂಡಿತು. ಭಕ್ತ ಡಿಕ್ಕಿ ಮುಚ್ಚಿದ. ಹಲವು ಕಾರುಗಳಲ್ಲಿ ಈ ಏರ್ಪಾಡು ಕಳ್ಳರ ಭಯಕ್ಕೆಂದೇ ಇದೆ. ಕಳ್ಳ ಬರಲಿಲ್ಲ, ಭಕ್ತ ಮಾತ್ರ ಸಿಕ್ಕಿಬಿದ್ದ.

ಅಂಬಾಸಿಡರ್ ಕಾಲದಲ್ಲಿ ಈ ಕಷ್ಟ ಇರಲಿಲ್ಲ. ಮುಂದಿನ ಬಾಗಿಲಿನ ತ್ರಿಕೋನದ ಪುಟ್ಟ ಗಾಜನ್ನು ಉಪಾಯವಾಗಿ ನೂಕಿ, ಕೈ ತೂರಿಸಿ, ಒಳಗಿನ ಹಿಡಿಕೆ ಎಳೆದರೆ ಮುಗಿಯಿತು. ಆ ಕಾರು ಯಜಮಾನನನ್ನು ನಂಬುತ್ತಿತ್ತು, ಕಳ್ಳನನ್ನೂ ನಂಬುತ್ತಿತ್ತು. 2014ರಲ್ಲಿ ಅದರ ತಯಾರಿಕೆ ನಿಂತಿತು.

ದುರ್ಗಾಧ್ಯಾಯ

ಬಹಿಃಸ್ಥಿತಿಯಲ್ಲಿರುವವನು ತನ್ನದೇ ಕೋಟೆಗೆ ತಾನೇ ಮುತ್ತಿಗೆ ಹಾಕಿದ ದೊರೆ. ಆದ್ದರಿಂದ ಆದವಾನಿ ಕೋಟೆಯ ಚರಿತ್ರೆ ಈ ಶಾಸ್ತ್ರದ ಮೂಲಪಾಠ. ಬಿಜಾಪುರದ ಪರವಾಗಿ ಇಲ್ಲಿ ಆಳಿದ ಸಿದ್ದಿ ಮಸೂದ್ ಖಾನನು ಪ್ರಾಣಕ್ಕಿಂತ ಮಿಗಿಲೆಂದು ಕಟ್ಟಿಸಿದ ಜಾಮಿಯಾ ಮಸೀದಿ ಇವತ್ತಿಗೂ ಊರಿನಲ್ಲಿದೆ. 17ನೇ ಶತಮಾನದ ಕೊನೆಗೆ ಔರಂಗಜೇಬನ ಸೇನಾಪತಿ ಬಂದು ಮುತ್ತಿಗೆ ಹಾಕಿದಾಗ ಕೋಟೆ ಜಗ್ಗಲಿಲ್ಲ. ಕೊನೆಗೆ ಅವನು ತೋಪುಗಳ ಬಾಯನ್ನು ಆ ಮಸೀದಿಯ ಕಡೆಗೆ ತಿರುಗಿಸಿದನಂತೆ, ಮಸೂದ್ ಖಾನ್ ಕೋಟೆ ಬಿಟ್ಟುಕೊಟ್ಟನಂತೆ. ಐತಿಹ್ಯವೇ ಇರಲಿ, ಇದರೊಳಗಿನ ತತ್ತ್ವ ಗಟ್ಟಿ. ಕಲ್ಲು ಹಿಡಿದು ಕಿಟಕಿಯ ಮುಂದೆ ನಿಂತ ಯಜಮಾನನಿಗೆ ಗಾಜಿನ ಬೆಲೆ, ಬಾಗಿಲಿನ ಬಣ್ಣ, ಇನ್ನೂ ಕಟ್ಟಬೇಕಾದ ಕಂತು ಎಲ್ಲ ಒಟ್ಟಿಗೆ ಕಾಣಿಸುತ್ತವೆ. ಸೇನಾಪತಿಯೂ ಅವನೇ, ಮಸೂದ್ ಖಾನನೂ ಅವನೇ. ಕಲ್ಲು ಕೈಯಿಂದ ಜಾರುತ್ತದೆ.

ಎರಡನೆಯ ಮುತ್ತಿಗೆ 1786ರದು. ಟಿಪ್ಪು ಸುಲ್ತಾನ್ ಆದವಾನಿಯನ್ನು ಸುತ್ತುವರಿದಾಗ ಒಳಗೆ ನಿಜಾಮನ ಬಂಧುಬಳಗವಿತ್ತು. ನೆರವಿಗೆ ಬಂದ ನಿಜಾಮ-ಮರಾಠಾ ಸೇನೆ ಒಳಗಿದ್ದವರನ್ನು ಹೊರಗೆ ಕರೆತಂದು, ತುಂಗಭದ್ರೆ ತುಂಬಿ ಹರಿಯುವ ಮುನ್ನ ಆಚೆ ದಡ ಸೇರಿಸಿತು. ಕೋಟೆಯನ್ನು ಉಳಿಸಿಕೊಳ್ಳುವ ಗೋಜಿಗೆ ಹೋಗಲಿಲ್ಲ. ಟಿಪ್ಪು ಒಳಹೊಕ್ಕು ಗೋಡೆಗಳನ್ನು ಕೆಡವಿಸಿದ. ಕೋಟೆ ಹೋಯಿತು, ಜನ ಉಳಿದರು.

ಇಲ್ಲಿಂದ ಹೊರಡುವ ಉಪ-ಅಧ್ಯಾಯಕ್ಕೆ ಪೂರ್ವಪಕ್ಷವಿಲ್ಲ, ಹಾಸ್ಯವೂ ಇಲ್ಲ. ಕಾರಿನೊಳಗೆ ಮಗುವೋ ಮುದುಕರೋ ಸಿಕ್ಕಿಕೊಂಡಿದ್ದರೆ ಶಾಸ್ತ್ರಗ್ರಂಥವನ್ನು ಎಸೆದು ಗಾಜು ಒಡೆಯಬೇಕು. ಗಾಜು ಏರಿಸಿದ ಕಾರು ಬಿಸಿಲಿನಲ್ಲಿದ್ದರೆ ಹತ್ತೇ ನಿಮಿಷದಲ್ಲಿ ಒಳಗಿನ ಶಾಖ ಸುಮಾರು ಹತ್ತು ಡಿಗ್ರಿ ಏರುತ್ತದೆ, ಮಗುವಿನ ಮೈ ದೊಡ್ಡವರಿಗಿಂತ ಬೇಗ ಕಾಯುತ್ತದೆ. ಮುಂದಿನ ದೊಡ್ಡ ಗಾಜಿಗೆ ಹೊಡೆದು ಹೊತ್ತು ಕಳೆಯಬೇಡಿ. ಅದು ನಡುವೆ ಪೊರೆಯಿಟ್ಟು ಅಂಟಿಸಿದ ಗಾಜು, ಬಿರುಕು ಬಿಟ್ಟರೂ ಬೀಳುವುದಿಲ್ಲ. ಮಗುವಿನಿಂದ ದೂರದ ಪಕ್ಕದ ಕಿಟಕಿ ಆರಿಸಿ, ಮೂಲೆಯಲ್ಲಿ ಮೊನಚಾದ ಗಟ್ಟಿ ವಸ್ತುವಿನಿಂದ ಹೊಡೆದರೆ ಅದು ಪುಡಿಪುಡಿಯಾಗಿ ಉದುರುತ್ತದೆ. ಅಷ್ಟರಲ್ಲಿ ಇನ್ನೊಬ್ಬರು 112ಕ್ಕೆ ಫೋನ್ ಮಾಡಲಿ.

ಇನ್ನು ಮರಳಿ ಹಾಸ್ಯಕ್ಕೆ.

ಉಪಾಯಗಳು, ಅಪಾಯಗಳು

ಉಪಾಯಗಳಲ್ಲಿ ಅತ್ಯಂತ ಪ್ರಾಚೀನವಾದದ್ದನ್ನು ನಾವು ಎಮ್ಮಿಗನೂರು ಸಂಪ್ರದಾಯ ಎಂದು ಕರೆಯುತ್ತೇವೆ. ಮಾಚಾನಿ ಸೋಮಪ್ಪನವರು 1938ರಲ್ಲಿ ನೇಕಾರರ ಸಹಕಾರ ಸಂಘ ಕಟ್ಟಿದ ಊರಿನ ಹೆಸರನ್ನು ದಾರದ ವಿದ್ಯೆಗಲ್ಲದೆ ಇನ್ನಾವುದಕ್ಕೆ ಇಡುವುದು? ಗಟ್ಟಿ ದಾರದ ನಡುವೆ ಜಾರುಗಂಟು ಹಾಕಿ, ಬಾಗಿಲಿನ ಮೇಲ್ಮೂಲೆಯ ರಬ್ಬರಿನ ಸಂದಿಯಲ್ಲಿ ಆಚೆ ಈಚೆ ಎಳೆಯುತ್ತ ಒಳಗಿಳಿಸಿ, ಕಿಟಕಿಯ ಅಂಚಿನಲ್ಲಿ ಮೇಲೆದ್ದು ನಿಂತ ಲಾಕಿನ ಗುಬುಟಿಗೆ ಉರುಳು ಹಾಕಿ, ಬಿಗಿದು, ಮೇಲಕ್ಕೆಳೆಯುವುದು. ಗುಬುಟಿ ಇರುವ ಹಳೆಯ ಕಾರುಗಳಲ್ಲಿ ಇದು ನಡೆಯುತ್ತದೆ. ಹೊಸ ಕಾರುಗಳಲ್ಲಿ ಗುಬುಟಿಯೇ ಇಲ್ಲದ್ದರಿಂದ ಈ ಸಂಪ್ರದಾಯ ಮಗ್ಗಗಳ ಹಾಗೆ ಕ್ಷೀಣಿಸುತ್ತಿದೆ.

ಎರಡನೆಯದು ಮೆಕ್ಯಾನಿಕ್ಕಿನ ಉಕ್ಕಿನ ಪಟ್ಟಿ. ಗಾಜಿಗೂ ಬೀಡಿಂಗ್ ರಬ್ಬರಿಗೂ ನಡುವೆ ಇಳಿಸಿ, ಲಾಕಿಗೆ ಹೋಗುವ ಕಡ್ಡಿಯನ್ನು ಕೊಕ್ಕೆಗೆ ಸಿಕ್ಕಿಸಿ ಎತ್ತುತ್ತಾನೆ. ಕಂಡವರಿಗೆ ಮಂತ್ರವಾದಿ ಅನ್ನಿಸುತ್ತದೆ. ಆದರೆ ಹೊಸ ಬಾಗಿಲುಗಳ ಹೊಟ್ಟೆಯಲ್ಲಿ ವೈರುಗಳೂ ಮೋಟರುಗಳೂ ತುಂಬಿರುವುದರಿಂದ ಪಟ್ಟಿ ಒಂದನ್ನು ತೆರೆದು ನಾಲ್ಕನ್ನು ಕೆಡಿಸಬಹುದು. ಅದಕ್ಕೇ ಬಲ್ಲವರು ಬಾಗಿಲಿನ ಮೇಲಂಚಿಗೆ ಗಾಳಿ ತುಂಬುವ ಸಣ್ಣ ಚೀಲ ತೂರಿಸಿ, ಒಂದಿಷ್ಟು ಸಂದಿ ಮಾಡಿ, ಉದ್ದದ ಕಂಬಿಯಿಂದ ಒಳಗಿನ ಗುಂಡಿ ಒತ್ತುತ್ತಾರೆ.

ಬಟನ್ ಒತ್ತಿ ಸ್ಟಾರ್ಟ್ ಮಾಡುವ ಕಾರಿನವರ ಬಹಿಃಸ್ಥಿತಿ ಇನ್ನೂ ಸೂಕ್ಷ್ಮ. ಚಾವಿ ಕೈಯಲ್ಲೇ ಇದೆ, ಆದರೂ ಬಾಗಿಲು ತೆರೆಯದು. ಅದರೊಳಗಿನ ಬಿಲ್ಲೆಯಂಥ ಬ್ಯಾಟರಿ, ಸಾಮಾನ್ಯವಾಗಿ ಸಿಆರ್ 2032, ಮೂರು ವೋಲ್ಟಿನದು, ತೀರಿಹೋಗಿದೆ. ಇಂಥ ಬಹುತೇಕ ಚಾವಿಗಳ ಹೊಟ್ಟೆಯೊಳಗೆ ನಿಜವಾದ ಲೋಹದ ಚಾವಿಯೊಂದು ಅಡಗಿರುತ್ತದೆ, ಬಾಗಿಲಿನ ಹಿಡಿಕೆಯ ಬಳಿ ಪ್ಲಾಸ್ಟಿಕ್ ಮುಚ್ಚಳದಡಿ ಅದರ ತೂತೂ ಇರುತ್ತದೆ. ಇದು ಗೊತ್ತಿಲ್ಲದೆ ಇಡೀ ಮಧ್ಯಾಹ್ನ ಬಿಸಿಲಲ್ಲಿ ನಿಂತವರನ್ನು ನೆನೆದರೆ, ಹೃದಯದಲ್ಲೇ ಇರುವ ದೇವರನ್ನು ಊರೂರು ಹುಡುಕುವವರ ಕುರಿತು ದಾಸರು ಯಾಕೆ ಅಷ್ಟು ಹಾಡಿದರೆಂದು ತಿಳಿಯುತ್ತದೆ.

ಪಾಷಂಡ ಮತಗಳು ಎರಡು ಪ್ರಚಾರದಲ್ಲಿವೆ, ಎರಡಕ್ಕೂ ವಾಟ್ಸ್‌ಆ್ಯಪೇ ಪೀಠ. ಟೆನಿಸ್ ಚೆಂಡಿಗೆ ತೂತು ಕೊರೆದು ಚಾವಿಯ ತೂತಿಗೆ ಒತ್ತಿದರೆ ಗಾಳಿಯ ರಭಸಕ್ಕೆ ಬೀಗ ತೆರೆಯುತ್ತದೆಂಬುದು ಮೊದಲನೆಯದು. ಬೀಗ ಗಾಳಿಯಿಂದ ನಡೆಯುವ ವಸ್ತುವಲ್ಲ, ಚೆಂಡು ಹಾಳು. ಮನೆಯಲ್ಲಿರುವವರು ಎರಡನೆಯ ರಿಮೋಟನ್ನು ಫೋನಿನ ಬಾಯಿಗೆ ಹಿಡಿದು ಒತ್ತಿದರೆ ಇತ್ತ ಕಾರು ತೆರೆಯುತ್ತದೆಂಬುದು ಎರಡನೆಯದು. ರಿಮೋಟ್ ಹೊರಡಿಸುವುದು ರೇಡಿಯೋ ಅಲೆ, ಫೋನು ಸಾಗಿಸುವುದು ಶಬ್ದ. ಆ ಹೊತ್ತಿನಲ್ಲಿ ಫೋನಿನಲ್ಲಿ ಸಾಗುವ ಶಬ್ದಗಳು ಬೇರೆಯೇ ಇರುತ್ತವೆ.

ಒಂದು ಕಾಲವಿಶೇಷವನ್ನೂ ಹೇಳಿಬಿಡಬೇಕು. ದಸರೆಯ ರಾತ್ರಿ ದೇವರಗಟ್ಟಿನಲ್ಲಿ ಉತ್ಸವಮೂರ್ತಿಗಳಿಗಾಗಿ ಊರೂರಿನವರು ಬಡಿಗೆ ಹಿಡಿದು ಸೆಣಸುವ ಹೊತ್ತಿನಲ್ಲಿ ಈ ಗ್ರಂಥದ ವಿಧಿಗಳು ತಿರುವುಮುರುವು. ಆಗ ಚಾವಿಸಮೇತ ಒಳಗಿರುವವನೇ ಸುಖಿ.

1953ರ ಪ್ರಕರಣ

ಬೀರುವಿನ ಎರಡನೆಯ ಚಾವಿಗೆ ಹಿಂದಿರುಗೋಣ. 1953ರ ಅಕ್ಟೋಬರ್ 1ರಂದು ಆಂಧ್ರ ರಾಜ್ಯ ಹುಟ್ಟಿದಾಗ ಬಳ್ಳಾರಿ ಜಿಲ್ಲೆಯ ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಅಲ್ಲಿಗೆ ಹೋದವು, ಉಳಿದವು ಮೈಸೂರು ಸೇರಿದವು. ಅಂದಿನಿಂದ ಈ ಸೀಮೆಯ ಕನ್ನಡಿಗರ ಅತ್ತೆಮನೆ, ಆಸ್ಪತ್ರೆ, ಸೀರೆ ಅಂಗಡಿ ಎಲ್ಲ ಗಡಿಯ ಆಚೆ, ಹೊಲ ಮತ್ತು ಹತ್ತಿ ಈಚೆ. ಎರಡನೆಯ ಚಾವಿ ಬಳ್ಳಾರಿಯಲ್ಲಿರುವುದು ಒಬ್ಬನ ಮರೆವಲ್ಲ, ಚಾರಿತ್ರಿಕ ಪ್ರಕ್ರಿಯೆಯ ಫಲ.

ಇದರ ಪರಿಣಾಮ ತಿಳಿಯಬೇಕಾದರೆ ರಸ್ತೆ ಸಹಾಯದ ನಂಬರಿಗೆ ಫೋನ್ ಮಾಡಬೇಕು. ಕನ್ನಡಕ್ಕೆ ಒಂದನ್ನು ಒತ್ತುತ್ತೀರಿ. 'ಎಲ್ಲಿದ್ದೀರಿ ಸರ್?' 'ಆದವಾನಿ, ರೈಲ್ವೆ ಸ್ಟೇಷನ್ ಹತ್ತಿರ.' 'ಅದು ಆಂಧ್ರ ಅಲ್ವಾ ಸರ್, ತೆಲುಗು ವಿಭಾಗಕ್ಕೆ ಕೊಡ್ತೀನಿ.' ವೀಣೆಯ ಸಂಗೀತ. ತೆಲುಗು ವಿಭಾಗದವರು ಗಾಡಿಯ ನಂಬರ್ ಕೇಳುತ್ತಾರೆ. ಕೆಎ 34 ಎನ್ನುತ್ತೀರಿ. ಅದು ಕರ್ನಾಟಕದ ಗಾಡಿಯಲ್ಲವೇ ಎಂದು ಬಹಳ ಗೌರವದಿಂದ ಕನ್ನಡ ವಿಭಾಗಕ್ಕೆ ಕೊಡುತ್ತಾರೆ. ಮತ್ತೆ ವೀಣೆ. ಭಾಷಾವಾರು ಪ್ರಾಂತ್ಯ ರಚನೆಯ ಬಗ್ಗೆ ಬರೆದ ವಿದ್ವಾಂಸರಲ್ಲಿ ಯಾರೂ ಈ ವೀಣೆಯನ್ನು ಕೇಳಿದಂತಿಲ್ಲ.

ಅಧಿಕಾರಿ ನಿರ್ಣಯ

ಅಷ್ಟು ಹೊತ್ತಿಗೆ ಜನ ಸೇರಿರುತ್ತಾರೆ. ಆದವಾನಿಯ ಹತ್ತಿ ಯಾರ್ಡಿನಲ್ಲಿ ದರ ಕೂಗುವ ಹಾಗೆ ಒಬ್ಬೊಬ್ಬರೂ ಒಂದೊಂದು ಉಪಾಯ ಕೂಗುತ್ತಾರೆ. ಉಗ್ಗಾನಿ-ಬಜ್ಜಿಯ ಬಂಡಿಯವನು ತನ್ನ ಜಾಲರಿ ಸೌಟಿನ ಹಿಡಿಯನ್ನೇ ಕೊಡಲು ಮುಂದಾಗುತ್ತಾನೆ. ಎಲ್ಲರೂ ಒಂದೊಂದು ಸಲ ಬಾಗಿಲು ಎಳೆದು ನೋಡುತ್ತಾರೆ. ಹತ್ತು ಜನ ಎಳೆದರೂ ಬಾರದ್ದು ತಾನೆಳೆದರೆ ಬಂದೀತೆಂಬ ಈ ನಂಬಿಕೆಗೆ ಯಾವ ದರ್ಶನದಲ್ಲೂ ಹೆಸರಿಲ್ಲ. ಕೊನೆಗೆ ಯಾರೋ ಟಿವಿಎಸ್ ಗಾಡಿಯಲ್ಲಿ ಹೋಗಿ ಡುಪ್ಲಿಕೇಟ್ ಚಾವಿ ಮಾಡುವವನನ್ನು ಹಿಂದೆ ಕೂರಿಸಿಕೊಂಡು ಬರುತ್ತಾರೆ. ಶಾಸ್ತ್ರದ ನಿಜವಾದ ಅಧಿಕಾರಿ ಇವನೇ. ಬಂದವನು ಬೀಗವನ್ನು ನೋಡುವುದಿಲ್ಲ, ಮೊದಲು ಯಜಮಾನನನ್ನು ನೋಡುತ್ತಾನೆ.

'ಕಾರು ನಿಮ್ದೇ ಅಂತ ಏನ್ ಗ್ಯಾರಂಟಿ ಸಾರ್? ಆರ್‌ಸಿ ತೋರಿಸ್ರಿ.'

'ಆರ್‌ಸಿ ಒಳಗೈತಪ್ಪ.'

'ಫೋನಿನಾಗ ಇರ್ತೈತಲ್ಲ, ಡಿಜಿಲಾಕರ್?'

'ನನ್ ಫೋನೂ ಒಳಗೈತಿ. ಇದು ನಮ್ಮನೆಯವರ್ದು. ಅಲ್ನೋಡು, ಮುಂದ್ಗಡೆ ರಾಯರ ಫೋಟೋ ಐತಿ. ಅದು ನಾನೇ ಅಂಟ್ಸಿದ್ದು.'

'ಈ ಕಡಿ ರಾಯರ ಫೋಟೋ ಇಲ್ಲದ ಕಾರು ಯಾವ್ದೈತಿ ಸಾರ್?'

ಜನ ನಕ್ಕರು. ಅವನು ನಗಲಿಲ್ಲ. ಚೀಲದಿಂದ ಗಾಳಿ ಚೀಲವನ್ನೂ ಕಂಬಿಯನ್ನೂ ತೆಗೆದ.

'ಐನೂರು ಆಗ್ತೈತಿ. ತೆಗೆದ ಕೂಡ್ಲೇ ಮೊದ್ಲು ಆರ್‌ಸಿ ತೋರಿಸ್ಬೇಕು. ಹೆಸರು ಬ್ಯಾರೆ ಇತ್ತಂದ್ರ ಚಾವಿ ಒಳಗೇ ಒಗದು ಮತ್ತ ಲಾಕ್ ಮಾಡ್ತೀನಿ. ಅದಕ್ಕ ರೊಕ್ಕ ತಗೊಳ್ಳಂಗಿಲ್ಲ.'