ಎರಡು ಜಡೆ, ಒಂದು ಡ್ಯೂಟಿ ಲಿಸ್ಟ್

ಮೇ 12. ಆಸ್ಪತ್ರೆಯಲ್ಲಿ ದಾದಿಯರ ದಿನ. ಎಲ್ಲರ ಕೈಯಲ್ಲೂ ಮೇಣದಬತ್ತಿ, ಎಲ್ಲರ ಬಾಯಲ್ಲೂ ನೈಟಿಂಗೇಲ್. ವೇದಿಕೆ ತುಂಬ ಡಾಕ್ಟರುಗಳು. ನರ್ಸ್‌ಗಳದೇ ಹಬ್ಬವಲ್ಲವೇ, ಹಾಗಾಗಿ ಕುರ್ಚಿ ಜೋಡಿಸುವ ಗೌರವ ನರ್ಸ್‌ಗಳಿಗೇ.

‘ನಾವೆಲ್ಲ ಒಂದೇ ಕುಟುಂಬ’ ಎಂದರು ಮೇಟ್ರನ್ ಮೇಡಂ. ಸುಳ್ಳೇನಲ್ಲ. ಅತ್ತೆ ಇದ್ದಾರೆ. ಸೊಸೆಯಂದಿರಿದ್ದಾರೆ. ಬೀರುವಿನ ಬೀಗದಕೈ ಯಾರ ಹತ್ತಿರ ಇರಬೇಕೆಂಬ ಜಗಳವೂ ಇದೆ.

ಅಮ್ಮನ ತೊಡೆ ಮೂಳೆ ಮುರಿದಾಗ ಇಂಥದೊಂದು ಆಸ್ಪತ್ರೆಯ ವಾರ್ಡಿನಲ್ಲಿ ಒಂಬತ್ತು ರಾತ್ರಿ ಕೂತಿದ್ದೆ. ಒಂಬತ್ತೂ ರಾತ್ರಿ ಡ್ಯೂಟಿಗೆ ಅದೇ ನರ್ಸ್ ಹುಡುಗಿ.

‘ಏನಮ್ಮಾ, ದಿನಾ ನಿಂದೇ ನೈಟಾ?’

‘ಇನ್‌ಚಾರ್ಜ್ ಸಿಸ್ಟರ್ ಹತ್ರ ರಜೆ ಕೇಳಿದ್ದೆ ಸರ್.’

ಅಷ್ಟೇ ಉತ್ತರ. ತಂಗಿಯ ನಿಶ್ಚಿತಾರ್ಥವಿತ್ತಂತೆ.

ಸಾಮಾನ್ಯ ವಾರ್ಡಿನಲ್ಲಿ ಆರು ಹಾಸಿಗೆಗೆ ಒಬ್ಬ ನರ್ಸ್ ಇರಬೇಕು ಎನ್ನುತ್ತದೆ ಸರ್ಕಾರಿ ಲೆಕ್ಕ. ಅಲ್ಲಿ ನಲವತ್ತು ಹಾಸಿಗೆಗೆ ಇಬ್ಬರು. ಆ ಇಬ್ಬರಲ್ಲೂ ಒಬ್ಬಳು ಕಾಯಂ, ಒಬ್ಬಳು ಗುತ್ತಿಗೆ. ಒಬ್ಬಳು ಬಿಎಸ್ಸಿ, ಇನ್ನೊಬ್ಬಳು ಜಿಎನ್‌ಎಂ. ಮಾತು ನಿಂತು ಎರಡು ತಿಂಗಳಾಗಿತ್ತು. ಡ್ರಿಪ್ ಮುಗಿದದ್ದನ್ನು ಒಬ್ಬರಿಗೊಬ್ಬರು ತಿಳಿಸುತ್ತಿದ್ದದ್ದು ನನ್ನ ಮೂಲಕ.

ನರ್ಸಿಂಗ್ ಪಠ್ಯದಲ್ಲಿ ನಾಯಕತ್ವದ ಶೈಲಿಗಳೆಂದು ಒಂದು ಪಾಠವೇ ಇದೆ. ಸರ್ವಾಧಿಕಾರಿ, ಪ್ರಜಾಪ್ರಭುತ್ವವಾದಿ, ಎಲ್ಲವನ್ನೂ ಬಿಟ್ಟುಕೊಡುವವರು. ಇನ್‌ಚಾರ್ಜ್ ಸಿಸ್ಟರ್ ಮೂರನ್ನೂ ಕರಗತ ಮಾಡಿಕೊಂಡಿದ್ದರು. ಕಿರಿಯರ ಮೇಲೆ ಮೊದಲನೆಯದು. ಸರೀಕರ ಜೊತೆ ಎರಡನೆಯದು. ಡಾಕ್ಟರ್ ರೌಂಡ್ಸ್‌ಗೆ ಬಂದರೆ ಮೂರನೆಯದು. ರೋಗಿಗಳ ಎದುರೇ ಕೇಸ್ ಶೀಟ್ ಎಸೆದು ಕಿರುಚಿದ ಗಂಟಲಿನಿಂದಲೇ ಆಗ ಜೇನು ಸುರಿಯುತ್ತಿತ್ತು.

ಆಡಳಿತಾಧಿಕಾರಿಗೆ ದೂರು ಕೊಟ್ಟೆ. ನಕ್ಕರು. ‘ಎರಡು ಜಡೆ ಒಂದು ಕಡೆ ಸೇರುತ್ತಾ ಸಾರ್?’

ಅದೇ ಆಸ್ಪತ್ರೆಯ ಇಬ್ಬರು ಸರ್ಜನ್‌ಗಳು ಆಪರೇಷನ್ ಥಿಯೇಟರಿನ ದಿನಕ್ಕಾಗಿ ಕಿತ್ತಾಡಿಕೊಂಡು ಮುಖ ನೋಡುವುದನ್ನೇ ಬಿಟ್ಟಿದ್ದರು. ಅದಕ್ಕೆ ಹೆಸರು ‘ವೈದ್ಯಕೀಯ ಭಿನ್ನಾಭಿಪ್ರಾಯ’. ವಿಧಾನಸೌಧದಲ್ಲಿ ಕುರ್ಚಿಗಾಗಿ ಬಡಿದಾಡಿದರೆ ‘ರಾಜಕೀಯ’. ಎರಡು ಮೀಸೆಗಳ ಬಗ್ಗೆ ನಮ್ಮಲ್ಲಿ ಗಾದೆಯಿಲ್ಲ.

ಮೇಣದಬತ್ತಿಯ ಭಾಷಣದಲ್ಲಿ ಬಾರದ ಸಂಗತಿಯೊಂದಿದೆ. 1854ರ ಡಿಸೆಂಬರಿನಲ್ಲಿ ಮೇರಿ ಸ್ಟಾನ್ಲಿ ಎಂಬ ಗೆಳತಿ ಯುದ್ಧದ ಗಾಯಾಳುಗಳ ಆರೈಕೆಗೆ ದಾದಿಯರ ಇನ್ನೊಂದು ತಂಡ ಕರೆತಂದಾಗ, ತನ್ನನ್ನು ಕೇಳದೆ ಕಳಿಸಿದಿರಿ ಎಂದು ನೈಟಿಂಗೇಲ್ ಸರ್ಕಾರದ ಮೇಲೆ ಸಿಡಿದು ರಾಜೀನಾಮೆಯ ಮಾತಾಡಿದರು. ದಾದಿಯರಿಗೆ ಸರ್ಕಾರಿ ನೋಂದಣಿ ಬೇಕೆಂದು ಎಥೆಲ್ ಬೆಡ್‌ಫರ್ಡ್ ಫೆನ್‌ವಿಕ್ ಹೋರಾಡಿದಾಗ ಎದುರು ನಿಂತವರೂ ಅವರೇ. ಬ್ರಿಟನ್ನಿನಲ್ಲಿ ಆ ಕಾಯ್ದೆ ಬಂದದ್ದು 1919ರಲ್ಲಿ, ನೈಟಿಂಗೇಲ್ ತೀರಿಕೊಂಡು ಒಂಬತ್ತು ವರ್ಷದ ಮೇಲೆ. ದೀಪದಡಿಯ ಕತ್ತಲೆ ಹಳೆಯದು.

ಜಗತ್ತಿನ ಆರೋಗ್ಯ ಸಿಬ್ಬಂದಿಯಲ್ಲಿ ಶೇ. 70ರಷ್ಟು ಹೆಂಗಸರು, ಮೇಲಿನ ಕುರ್ಚಿಗಳಲ್ಲಿ ಶೇ. 25 ಮಾತ್ರ. ವಿಶ್ವ ಆರೋಗ್ಯ ಸಂಸ್ಥೆ 2019ರಲ್ಲಿ ಹೇಳಿದ ಲೆಕ್ಕ. ಐವತ್ತು ಜನರ ನಡುವೆ ಒಂದು ಸ್ಟೂಲ್ ಇಟ್ಟು, ‘ನೋಡಿ, ಹೇಗೆ ಜಗಳಾಡ್ತಾರೆ’ ಎಂದು ಸೋಫಾದಲ್ಲಿ ಕೂತವರು ನಗುತ್ತಾರೆ.

ಇನ್‌ಚಾರ್ಜ್ ಸಿಸ್ಟರಿಗೆ ಖಾಲಿ ಹುದ್ದೆ ತುಂಬುವ ಅಧಿಕಾರವಿಲ್ಲ. ಹರಿದ ಬೆಡ್‌ಶೀಟ್‌ಗೂ ಇಂಡೆಂಟ್ ಹಾಕಿ ಕಾಯಬೇಕು. ಸ್ಟಾಫ್ ನರ್ಸ್ ಹುದ್ದೆಯ ಹೆಸರನ್ನು ‘ನರ್ಸಿಂಗ್ ಆಫೀಸರ್’ ಎಂದು ಬದಲಿಸಿದರು. ಆಫೀಸರ್ ಆದ ಮೇಲೂ ರಾತ್ರಿ ಎರಡು ಗಂಟೆಗೆ ಸಿಲಿಂಡರ್ ಉರುಳಿಸುವವರು ಅವರೇ. ಇನ್‌ಚಾರ್ಜ್ ಕೈಯಲ್ಲಿ ಉಳಿದಿರುವುದು ಸ್ಕೇಲು, ಪೆನ್ನು, ಡ್ಯೂಟಿ ಲಿಸ್ಟ್. ಸಿಕ್ಕ ಇಷ್ಟು ಅಧಿಕಾರವನ್ನು ಅವರು ಹೆಗಲೆಣೆಯ ಹೆಣ್ಣಿನ ಮೇಲೇ ಚಲಾಯಿಸುತ್ತಾರೆ. ಮೇಲಕ್ಕೆ ಒಂದು ಪತ್ರ ಬರೆಯಲು ಮಾತ್ರ ಆ ಪೆನ್ನಿನಲ್ಲಿ ಇಂಕಿಲ್ಲ.

ಡಿಸ್ಚಾರ್ಜ್ ದಿನ ಬೆಳಿಗ್ಗೆ ವಿದ್ಯಾರ್ಥಿನಿಯೊಬ್ಬಳು ಬಿ.ಪಿ. ನೋಡಲು ಹತ್ತು ನಿಮಿಷ ತಡವಾಗಿ ಬಂದಳು. ನೈಟ್ ಮುಗಿಸಿ ಹೊರಟಿದ್ದ ನಮ್ಮ ಹುಡುಗಿ ತಿರುಗಿ ನಿಂತಳು. ವಾರ್ಡಿಗೆಲ್ಲ ಕೇಳುವ ಹಾಗೆ ಶುರು ಮಾಡಿದಳು.

‘ನಮ್ ಕಾಲದಲ್ಲಿ ಹಿಂಗೆಲ್ಲ ನಡೀತಿರ್ಲಿಲ್ಲ ಕಣೇ.’

ಅವಳಿಗೆ ಇಪ್ಪತ್ತನಾಲ್ಕು ವಯಸ್ಸು.