ಸ್ವಚಿತ್ರಮೀಮಾಂಸೆ

ಅಧಿಕಾರಿ, ವಿಷಯ, ಸಂಬಂಧ, ಪ್ರಯೋಜನಗಳೆಂಬ ಅನುಬಂಧಚತುಷ್ಟಯವನ್ನು ನಿರೂಪಿಸದೆ ಯಾವ ಶಾಸ್ತ್ರವನ್ನೂ ಆರಂಭಿಸಕೂಡದೆಂಬುದು ಪ್ರಾಚೀನರ ಕಟ್ಟಳೆಯಾಗಿರಲಾಗಿ, ತನ್ನ ಬಾಳನ್ನು ತಾನೇ ಕ್ಯಾಮೆರಾದಲ್ಲಿ ಹಿಡಿದು ಸಾಕ್ಷ್ಯಚಿತ್ರವೆಂದು ಲೋಕಕ್ಕೆ ಸಮರ್ಪಿಸುವ ಈ ನವೀನ ದರ್ಶನಕ್ಕೂ ಆ ಸಂಸ್ಕಾರವನ್ನು ನೆರವೇರಿಸತಕ್ಕದ್ದು.

ಅಧಿಕಾರಿಯಾರು? ವೇದಾಂತಿಗೆ ವೈರಾಗ್ಯವು ಬೇಕು. ಈತನಿಗೆ ಸಹನಶೀಲವಾದ ಕುಟುಂಬವು ಬೇಕು. ಅಮೆರಿಕದ ಎಡ್ ಪಿಂಕಸ್ 1971ರಿಂದ 1976ರವರೆಗಿನ ತನ್ನ ದಾಂಪತ್ಯವನ್ನು ಚಿತ್ರೀಕರಿಸಿ, ಮೂರು ಗಂಟೆಗೂ ಮೀರಿದ ‘ಡೈರೀಸ್’ ಎಂಬ ಚಿತ್ರವಾಗಿ 1982ರಲ್ಲಿ ಹೊರತಂದನು. ಮನಸ್ತಾಪಗಳ ನಡುವೆ ಸಂಸಾರ ಸಾಗಿಸಿದವರು ಅಸಂಖ್ಯರು. ಮನಸ್ತಾಪವು ಹೊತ್ತಿಕೊಂಡಾಗ ಕೋಣೆಯ ಬೆಳಕು ಸಾಲದಲ್ಲಾ ಎಂದು ಪರಿತಪಿಸುವವನೇ ಅಧಿಕಾರಿ.

ವಿಷಯವು ‘ತಾನು’ ಎಂದರೆ ಅತಿವ್ಯಾಪ್ತಿ, ‘ಅನ್ಯ’ವೆಂದರೆ ಅವ್ಯಾಪ್ತಿ. ಪಿಂಕಸನ ಶಿಷ್ಯನಾದ ರಾಸ್ ಮ್ಯಾಕೆಲ್ವಿಯು, 1864ರಲ್ಲಿ ಜಾರ್ಜಿಯ ಸೀಮೆಯನ್ನು ಸುಡುತ್ತ ಸಾಗಿದ ದಂಡನಾಯಕ ಶರ್ಮನ್ನನ ಹೆಜ್ಜೆಜಾಡನ್ನು ಅರಸಹೊರಟು, ಅಷ್ಟರಲ್ಲಿಯೇ ಪ್ರೇಯಸಿಯು ಕೈಬಿಡಲಾಗಿ, ದಕ್ಷಿಣ ಪ್ರಾಂತಗಳ ಸ್ತ್ರೀಯರನ್ನು ಒಬ್ಬರಾದ ಮೇಲೊಬ್ಬರಂತೆ ಚಿತ್ರೀಕರಿಸುತ್ತ, ದಗ್ಧನಗರಗಳಿಗಿಂತ ತನ್ನ ದಗ್ಧಹೃದಯಕ್ಕೇ ಹೆಚ್ಚು ಫಿಲ್ಮನ್ನು ವ್ಯಯಿಸಿದನು. ವಿಷಯವು ತಪ್ಪಿತು, ಫಲವು ತಪ್ಪಲಿಲ್ಲ: ‘ಶರ್ಮನ್ಸ್ ಮಾರ್ಚ್’ 2000ದಲ್ಲಿ ಅಮೆರಿಕದ ರಾಷ್ಟ್ರೀಯ ಚಲನಚಿತ್ರಗಳ ಪಟ್ಟಿಯನ್ನು ಸೇರಿತು.

ಸಂಬಂಧವೋ, ಕಡಿದುಹೋಗುವುದೇ ಅದರ ಸ್ವಭಾವ. ಜಿಮ್ ಮೆಕ್‌ಬ್ರೈಡನ 1967ರ ‘ಡೇವಿಡ್ ಹೋಲ್ಜ್‌ಮನ್ಸ್ ಡೈರಿ’ಯಲ್ಲಿ, ನಿದ್ರಿಸುತ್ತಿರುವ ಪ್ರಿಯತಮೆಯನ್ನು ಚಿತ್ರಿಸಿದ ನಾಯಕನನ್ನು ಅವಳು ತ್ಯಜಿಸಿ ಹೋಗುತ್ತಾಳೆ. ಇದು ಸಾಕ್ಷ್ಯಚಿತ್ರದ ವೇಷ ತೊಟ್ಟ ಕಟ್ಟುಕತೆ. ಪಿಂಕಸನ ಸೂತ್ರಗ್ರಂಥಕ್ಕೆ ಮೊದಲೇ ಅದರ ಅಣಕುಭಾಷ್ಯವು ಸಿದ್ಧವಾಗಿದ್ದುದು ಶಾಸ್ತ್ರಗಳ ಇತಿಹಾಸದಲ್ಲಿ ಅಪೂರ್ವವೇ ಸರಿ.

ಇನ್ನು ಪ್ರಯೋಜನ. ಇಸ್ರೇಲಿನ ಡೇವಿಡ್ ಪೆರ್ಲೋವ್, 1973ರಿಂದ ಹತ್ತು ವರ್ಷ ಚಿತ್ರೀಕರಿಸಿದ ತನ್ನ ‘ಡೈರಿ’ಯಲ್ಲಿ, ಹಬೆಯಾಡುವ ಸೂಪು ಕರೆಯುತ್ತಿರಲು, ಅದನ್ನು ಕುಡಿಯಬೇಕೋ ಚಿತ್ರಿಸಬೇಕೋ ಎಂಬ ಮಹಾಸಂಶಯವನ್ನು ಎತ್ತಿದನು. ಮುಂಡಕೋಪನಿಷತ್ತು ಹಣ್ಣು ತಿನ್ನುವುದಕ್ಕೊಂದು, ನೋಡುವುದಕ್ಕೊಂದು ಎಂದು ಒಂದೇ ಮರದ ಮೇಲೆ ಎರಡು ಹಕ್ಕಿಗಳನ್ನು ಕೂರಿಸಿ ಈ ಸಂಕಟವನ್ನು ಪರಿಹರಿಸಿತ್ತು. ಕ್ಯಾಮೆರಾಧಾರಿಗಾದರೋ ಎರಡು ಹಕ್ಕಿಯ ಕೆಲಸವೂ ಒಂದೇ ಕೊಕ್ಕಿಗೆ ಬಿದ್ದಿದೆ. ಸ್ಟ್ಯಾಂಡಿನ ಮೇಲೆ ಕ್ಯಾಮೆರಾವನ್ನಿಟ್ಟು ಎರಡನ್ನೂ ಸಾಧಿಸಬಹುದೆಂಬುದು ಪೂರ್ವಪಕ್ಷ. ಅದು ಸಲ್ಲದು, ಹಾಗೆ ಕುಡಿಯುವವನು ಚೌಕಟ್ಟಿನೊಳಗೆ ತಾನಿರುವೆನೋ ಇಲ್ಲವೋ ಎಂದು ಚಿಂತಿಸುತ್ತ ಉಪ್ಪಿನ ಹದವನ್ನೇ ಅರಿಯನು.

ಆದುದರಿಂದ ಸಿದ್ಧಾಂತವಿದು: ಬಿಸಿಯಿರುವಾಗ ಮೊದಲ ಬಟ್ಟಲನ್ನು ಕುಡಿಯತಕ್ಕದ್ದು, ಆರಿದ ಎರಡನೆಯದನ್ನು ಚಿತ್ರಿಸತಕ್ಕದ್ದು, ಪ್ರೇಕ್ಷಕರಲ್ಲಿ ಯಾರೂ ತೆರೆಯೊಳಗೆ ಬೆರಳದ್ದಿ ನೋಡಲಾರರು. ಇದರಿಂದ ಸಾಕ್ಷ್ಯಚಿತ್ರದ ಸತ್ಯಕ್ಕೆ ಭಂಗವಾಗದೇ ಎಂದು ಆಕ್ಷೇಪಿಸುವವರಿಗೆ ಸಮಾಧಾನ: ಬಡಿಸಿದವರನ್ನು ಇನ್ನೊಂದು ಬಟ್ಟಲು ಕೇಳಿ, ಅದನ್ನು ಕುಡಿಯದೆ ಆರಲು ಬಿಟ್ಟು ನೋಡಿರಿ. ಆಗ ಹೊರಡುವ ಮಾತುಗಳಲ್ಲಿ ಸತ್ಯವು ಯಥೇಷ್ಟವಾಗಿರುವುದು, ಎರಡನೆಯ ಟೇಕಿನ ಅಗತ್ಯವೂ ಬೀಳದು.